ಚಹಾ: ಹದವೂ ಹಿತವೂ

ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ ಸೀಮೆಯ ಹಳ್ಳಿಗಳಲ್ಲಿ ಒಬ್ಬರನ್ನೊಬ್ಬರು ಕಂಡಾಗ ಮೊದಲು ಹೊರಡುವ ಮಾತು 'ಚಹಾ ಆತೇನ್ರಿ?' ಎಂಬುದು. 'ಆಗೇತಿ' ಎಂದರೂ ಬಿಡುವ ರೂಢಿಯಿಲ್ಲ. 'ಇನ್ನೊಂದ್ ಗುಟುಕು ಆಗ್ಲಿ ಬರ್ರಿ' ಎಂದು ಕೈಹಿಡಿದು ಕರೆಯುವುದೇ ಇಲ್ಲಿಯ ಮರ್ಯಾದೆ. ರಾಮದುರ್ಗ ತಾಲೂಕಿನ ಸಾಲಹಳ್ಳಿಯಂಥ ಊರಿನಲ್ಲಿ ಬೆಳಗಿನ ಒಲೆಯ ಮೇಲೆ ಮೊದಲು ಏರುವುದು ಚಹಾದ ಬೋಗುಣಿ, ಆ ಮೇಲೆ ರೊಟ್ಟಿಯ ಹಂಚು. ಹುಟ್ಟು, ಮದುವೆ, ಸಾವು, ವ್ಯಾಜ್ಯ, ರಾಜಿ ಯಾವುದೇ ಮಾತುಕತೆ ಇರಲಿ, ನಡುವೆ ಚಹಾ ಬಾರದೆ ಮುಗಿಯುವುದಿಲ್ಲ.

ಇಷ್ಟು ಆತ್ಮೀಯವಾದ ಪದಾರ್ಥವನ್ನು ನಾವು ಎಷ್ಟು ಲಕ್ಷ್ಯವಿಟ್ಟು ಮಾಡುತ್ತೇವೆ? ನೀರು, ಪುಡಿ, ಸಕ್ಕರೆ, ಹಾಲು ಎಲ್ಲವನ್ನೂ ಒಮ್ಮೆಲೆ ಸುರಿದು, ಕಪ್ಪಾಗುವವರೆಗೆ ಕುದಿಸಿ, ಉಳಿದುದನ್ನು ಮತ್ತೆ ಮತ್ತೆ ಕಾಯಿಸಿ ಕುಡಿಯುವುದು ಅನೇಕ ಮನೆಗಳ ರೂಢಿಯಾಗಿದೆ. ಅಂಥ ಚಹಾದಲ್ಲಿ ರುಚಿಯೂ ಇಲ್ಲ, ಹಿತವೂ ಇಲ್ಲ. ಹಸಿವನ್ನು ಕೊಂದು ಊಟವನ್ನು ಮುಂದೂಡುವ ಔಷಧಿಯಂತೆ ಅದು ಬಳಕೆಯಾಗುತ್ತಿರುವುದಂತೂ ಚಿಂತೆಯ ಸಂಗತಿ. ಅಡುಗೆಗೆ ಹೇಗೋ ಹಾಗೆಯೇ ಚಹಾಕ್ಕೂ ಒಂದು ಹದವುಂಟು. ಮಾಡುವುದರಲ್ಲಿ ಹದ, ಕುಡಿಯುವುದರಲ್ಲಿ ಹದ, ಕೊಡುವುದರಲ್ಲಿಯೂ ಹದ. ಈ ಮೂರನ್ನು ಕುರಿತು ನಮ್ಮ ಕುಟುಂಬಗಳ ತಾಯಂದಿರೊಡನೆ, ಅಂತೆಯೇ ಒಲೆಯ ಮುಂದೆ ನಿಲ್ಲಲು ಹಿಂಜರಿಯದ ಗಂಡುಮಕ್ಕಳೊಡನೆ, ನಾಲ್ಕು ಮಾತು ಹಂಚಿಕೊಳ್ಳುವುದು ಈ ಲೇಖನದ ಉದ್ದೇಶ.

ಬೆಲ್ಲ-ನೀರಿನಿಂದ ಚಹಾದವರೆಗೆ

ಮನೆಗೆ ಬಂದವರಿಗೆ ಕಾಲಿಗೆ ನೀರು ಕೊಟ್ಟು, ಕುಡಿಯಲು ತಂಬಿಗೆ ನೀರಿನೊಡನೆ ಒಂದು ಹರಳು ಬೆಲ್ಲ ಕೊಡುವುದು ನಮ್ಮ ಭಾಗದ ಹಳೆಯ ಪದ್ಧತಿ. ಬಿಸಿಲಿನಲ್ಲಿ ನಡೆದು ಬಂದವರಿಗೆ ಅದಕ್ಕಿಂತ ಹಿತವಾದ ಉಪಚಾರ ಮತ್ತೊಂದಿಲ್ಲ. ನೆಗಡಿ, ಮೈಕೈನೋವು ಬಂದಾಗ ಶುಂಠಿ, ಮೆಣಸು, ಕೊತ್ತಂಬರಿಬೀಜ, ಜೀರಿಗೆ ಕುದಿಸಿದ ಕಷಾಯವಿತ್ತು. ಚಹಾ ಬಂದು ಈ ಎರಡರ ಸ್ಥಾನವನ್ನೂ ತಾನೇ ಹಿಡಿಯಿತು.

ಚಹಾ ಮೂಲತಃ ಚೀನದ್ದು. ಆ ದೇಶದ ಬಹುಭಾಗದಲ್ಲಿ ಅದಕ್ಕೆ 'ಛಾ' ಎನ್ನುತ್ತಾರೆ. ತೆಂಕಣ ಕರಾವಳಿಯ ಒಂದು ಆಡುನುಡಿಯಲ್ಲಿ ಮಾತ್ರ 'ತೆ'. ಮೊದಲನೆಯ ರೂಪದಿಂದ ನಮ್ಮ 'ಚಹಾ' ಬಂದಿತು. ಎರಡನೆಯದು ಡಚ್ಚರ ಹಡಗುಗಳ ಮೂಲಕ ಯುರೋಪಿಗೆ ಹೋಗಿ 'ಟೀ' ಆಗಿ ಮರಳಿತು. ಮೈಸೂರು ಕಡೆಯವರು ಟೀ ಎನ್ನುವುದನ್ನು ಮುಂಬಯಿ ಪ್ರಾಂತದೊಡನೆ ಬಾಳಿದ ನಮ್ಮ ಭಾಗದವರು ಮರಾಠಿಗರಂತೆ ಚಹಾ ಎಂದೇ ಕರೆಯುತ್ತ ಬಂದಿದ್ದೇವೆ.

ಭಾರತದಲ್ಲಿ ಅಸ್ಸಾಮಿನ ಕಾಡುಗಳಲ್ಲಿ ಚಹಾ ಗಿಡ ತಾನಾಗಿ ಬೆಳೆಯುತ್ತಿತ್ತು. ಅಲ್ಲಿಯ ಸಿಂಗ್‌ಫೋ ಜನ ಅದನ್ನು ಬಲ್ಲವರಾಗಿದ್ದರು. 1823ರಲ್ಲಿ ರಾಬರ್ಟ್ ಬ್ರೂಸ್ ಎಂಬ ಸ್ಕಾಟಿಷ್ ವ್ಯಾಪಾರಿಗೆ ಅವರಿಂದ ಅದರ ಪರಿಚಯವಾಯಿತು. 1839ರಲ್ಲಿ ಅಸ್ಸಾಮಿನ ಚಹಾ ಲಂಡನ್ನಿನಲ್ಲಿ ಮೊದಲ ಸಲ ಹರಾಜಾಯಿತು. ಅಲ್ಲಿಂದ ಬಹುಕಾಲ ಇಲ್ಲಿಯ ಚಹಾ ಬೆಳೆದುದು ಪರದೇಶದವರಿಗಾಗಿಯೇ. 1903ರಲ್ಲಿ ಚಹಾದ ಮೇಲೆ ಒಂದು ಕರ ವಿಧಿಸಿ, ಆ ಹಣದಿಂದ ಪ್ರಚಾರ ಮಾಡುವ ಏರ್ಪಾಡಾಯಿತು. 1930ರ ದಶಕದ ಆರ್ಥಿಕ ಮುಗ್ಗಟ್ಟಿನಲ್ಲಿ ಹೊರದೇಶದ ಬೇಡಿಕೆ ಕುಸಿದಾಗ ತೋಟದವರ ದೃಷ್ಟಿ ನಮ್ಮ ಜನರ ಮೇಲೆ ಬಿದ್ದಿತು. ರೈಲು ನಿಲ್ದಾಣಗಳಲ್ಲಿ ಫಲಕಗಳು ಬಂದವು, ಸಂತೆ-ಜಾತ್ರೆಗಳಲ್ಲಿ ಪುಕ್ಕಟೆ ಚಹಾ ಹಂಚಲಾಯಿತು. ಅದೇ ಕಾಲಕ್ಕೆ, 1930ರ ಸುಮಾರಿಗೆ, ಅಸ್ಸಾಮಿನ ತೋಟವೊಂದರಲ್ಲಿ ಎಲೆಯನ್ನು ಜಜ್ಜಿ, ಹರಿದು, ಸುರುಳಿಸಿ ಕಾಳಾಗಿಸುವ ಸಿ.ಟಿ.ಸಿ. ಯಂತ್ರವನ್ನು ವಿಲಿಯಂ ಮೆಕರ್ಚರ್ ಎಂಬಾತ ರೂಪಿಸಿದನು. ಈ ಕಾಳು ಬೇಗ ಬಣ್ಣ ಬಿಡುತ್ತದೆ, ಸ್ವಲ್ಪದರಲ್ಲಿಯೇ ಹಲವು ಕಪ್ಪು ಚಹಾ ಆಗುತ್ತದೆ. ಬಡವರ ಮನೆಗೂ ಚಹಾ ನಿಲುಕಿದ್ದು ಇದರಿಂದ.

ಪ್ರಚಾರಕರು ಕಲಿಸಿದ್ದು ಬಿಸಿನೀರಿನಲ್ಲಿ ಎಲೆ ನೆನೆಸಿ, ಮೇಲೆ ತುಸು ಹಾಲು ಬೆರೆಸುವ ಆಂಗ್ಲ ಪದ್ಧತಿಯನ್ನು. ಅದಕ್ಕೆ ಕಷಾಯದ ಶುಂಠಿ, ಮೆಣಸು, ಯಾಲಕ್ಕಿಗಳನ್ನು ಕೂಡಿಸಿ, ಹಾಲು ಹೆಚ್ಚಿಸಿ, ಸಕ್ಕರೆಯಿಲ್ಲದ ಕಡೆ ಬೆಲ್ಲ ಹಾಕಿ, ಅದನ್ನು ನಮ್ಮದನ್ನಾಗಿ ಮಾಡಿಕೊಂಡವರು ನಮ್ಮ ತಾಯಂದಿರು. ಮಸಾಲೆ ಚಹಾ ಎಂದರೆ ಕಷಾಯ ಮತ್ತು ಚಹಾಗಳ ಬೀಗತನವೆಂದು ತಿಳಿಯಬೇಕು.

ಪದಾರ್ಥಗಳನ್ನು ಆರಿಸುವಾಗ

ಚಹಾಪುಡಿಯಲ್ಲಿ ದಪ್ಪ ಕಾಳಿನದು ಪರಿಮಳಕ್ಕೆ, ಸಣ್ಣ ಪುಡಿಯದು ಬಣ್ಣಕ್ಕೆ. ಎರಡನ್ನೂ ಸಮನಾಗಿ ಬೆರೆಸಿಟ್ಟುಕೊಂಡರೆ ಮನೆಯ ಬಳಕೆಗೆ ಅನುಕೂಲ. ಸಂತೆಯಲ್ಲಿ ಬಿಡಿಯಾಗಿ ತೂಗಿ ಕೊಡುವ ಅಗ್ಗದ ಪುಡಿಗೆ ಕೃತಕ ಬಣ್ಣ ಕಟ್ಟಿರುವ ಸಂಭವವುಂಟು. ಒದ್ದೆ ಮಾಡಿದ ಬಿಳಿಯ ಹೀರುಕಾಗದದ ಮೇಲೆ ಒಂದು ಚಿಟಿಕೆ ಪುಡಿ ಹರಡಿ ಸ್ವಲ್ಪ ಹೊತ್ತು ಬಿಟ್ಟು ನೋಡಿರಿ. ಕೂಡಲೇ ಕಡುಗೆಂಪು, ಹಳದಿ ಗೆರೆಗಳು ಹರಿದರೆ ಆ ಪುಡಿ ಬೇಡ. ಒಳ್ಳೆಯ ಪುಡಿ ತಣ್ಣೀರಿಗೆ ಅಷ್ಟು ಬೇಗ ಬಣ್ಣ ಕೊಡುವುದಿಲ್ಲ. ಪುಡಿಯನ್ನು ಬಿಗಿಮುಚ್ಚಳದ ಡಬ್ಬಿಯಲ್ಲಿಡಬೇಕು. ಖಾರಪುಡಿ, ಇಂಗುಗಳ ಮಗ್ಗುಲಲ್ಲಿಟ್ಟರೆ ಅವುಗಳ ವಾಸನೆಯನ್ನು ಅದು ಹೀರಿಕೊಳ್ಳುತ್ತದೆ.

ಬೆಲ್ಲವನ್ನು ಬಣ್ಣ ನೋಡಿ ಕೊಳ್ಳುವವರು ಹೆಚ್ಚು. ಥಳಥಳಿಸುವ ಹಳದಿ ಬೆಲ್ಲ ಕಣ್ಣಿಗೆ ಚೆಂದ. ಆದರೆ ಆ ಹೊಳಪು ಬಹಳ ಸಲ ರಾಸಾಯನಿಕ ಹಾಕಿ ತಿಳಿಗೊಳಿಸಿದ್ದರ ಫಲ. ಕಂದುಬಣ್ಣದ, ಒಡೆದಾಗ ಒಳಗೆ ಕಣಕಣವಾಗಿ ಕಾಣುವ, ಉಪ್ಪು-ಹುಳಿ ಇಲ್ಲದ ಬೆಲ್ಲ ಉತ್ತಮ. ಬೆಳಗಾವಿ ಜಿಲ್ಲೆಯೇ ಕಬ್ಬಿನ ನಾಡು. ಪಕ್ಕದ ಮಹಾಲಿಂಗಪುರದ ಬೆಲ್ಲದ ಪೇಟೆ ಹೆಸರುವಾಸಿಯಾದುದು. ಒಳ್ಳೆಯ ಬೆಲ್ಲಕ್ಕೆ ನಾವು ದೂರ ಹೋಗಬೇಕಾಗಿಲ್ಲ.

ಯಾಲಕ್ಕಿಯನ್ನು ಸಿಪ್ಪೆ ಸಹಿತ ಜಜ್ಜಬೇಕು, ಪುಡಿ ಕೊಳ್ಳಬಾರದು. ಹಾವೇರಿಯ ಯಾಲಕ್ಕಿ ಹಾರ ನಾಡಿಗೆಲ್ಲ ಗೊತ್ತು. ಆದರೆ ಹಾರಕ್ಕೆ ಬೇಕಾದದ್ದು ಗಾತ್ರ, ಚಹಾಕ್ಕೆ ಬೇಕಾದದ್ದು ಒಳಗಿನ ಕಪ್ಪು ಬೀಜ. ಹಸಿರು ಸಿಪ್ಪೆಯ, ಕೈಯಲ್ಲಿ ಹಿಡಿದರೆ ಭಾರವೆನಿಸುವ ಕಾಯಿ ಆರಿಸಿರಿ. ದಾಲ್ಚಿನ್ನಿಯಲ್ಲಿ ಎರಡು ಬಗೆ. ಕಾಗದದಂತೆ ತೆಳುವಾಗಿ ಹಲವು ಪದರುಗಳ ಸುರುಳಿಯಾಗಿರುವುದು ನಿಜವಾದ ದಾಲ್ಚಿನ್ನಿ. ಅಂಗಡಿಗಳಲ್ಲಿ ಸಾಮಾನ್ಯವಾಗಿ ಸಿಗುವ ದಪ್ಪ ತೊಗಟೆ ಬೇರೊಂದು ಜಾತಿಯದು. ಅದರಲ್ಲಿರುವ ಕೂಮರಿನ್ ಎಂಬ ಅಂಶ ದಿನಾಲು ಹೆಚ್ಚಾಗಿ ಹೊಟ್ಟೆಗೆ ಹೋದರೆ ಯಕೃತ್ತಿಗೆ ಒಳ್ಳೆಯದಲ್ಲ. ಆದ್ದರಿಂದ ದಪ್ಪ ತೊಗಟೆಯಾದರೆ ಚೂರು ಸಾಕು.

ಮಾಡುವ ಕ್ರಮ

ನಾಲ್ಕು ಜನರ ಚಹಾಕ್ಕೆ ಲೆಕ್ಕ ಹೀಗಿದೆ. ಅಳತೆಗೆ ಬೇರೆ ಪಾತ್ರೆ ಬೇಡ, ಕುಡಿಯುವ ಕಪ್ಪೇ ಸಾಕು. ನೀರು ಎರಡೂವರೆ ಕಪ್ಪು, ಕಾಯಿಸಿದ ಹಾಲು ಎರಡೂವರೆ ಕಪ್ಪು. ಕುದಿಯುವಾಗ ಒಂದು ಕಪ್ಪಿನಷ್ಟು ಇಂಗಿ ಹೋಗುತ್ತದೆ. ಎಮ್ಮೆಯ ಹಾಲು ಗಟ್ಟಿಯಾದುದರಿಂದ ಎರಡು ಕಪ್ಪು ಹಾಲಿಗೆ ಮೂರು ಕಪ್ಪು ನೀರು ಇರಲಿ. ಚಹಾಪುಡಿ ಸಣ್ಣ ಚಮಚೆಯಲ್ಲಿ ಮಟ್ಟಸವಾಗಿ ನಾಲ್ಕು. ನಮ್ಮ ಕಡೆ 'ಅಲ್ಲ' ಎನ್ನುವ ಹಸಿಶುಂಠಿ ಹೆಬ್ಬೆರಳಿನ ಮೊದಲ ಗೆಣ್ಣಿನಷ್ಟು, ಯಾಲಕ್ಕಿ ಮೂರು, ಲವಂಗ ಎರಡು, ಕರಿಮೆಣಸು ನಾಲ್ಕು ಕಾಳು, ದಾಲ್ಚಿನ್ನಿ ಒಂದು ಚೂರು. ಬೆಲ್ಲ ಸಣ್ಣ ನಿಂಬೆಹಣ್ಣಿನ ಗಾತ್ರ, ಅಂದರೆ ಸುಮಾರು 40 ಗ್ರಾಂ.

ಮೊದಲು ಶುಂಠಿಯನ್ನು ತೊಳೆದು ಕುಟ್ಟಾಣಿಯಲ್ಲಿ ಜಜ್ಜಿರಿ. ಲವಂಗ, ಮೆಣಸು, ದಾಲ್ಚಿನ್ನಿಗಳನ್ನೂ ತುಸು ಒಡೆಯಿರಿ. ಇವನ್ನು ತಣ್ಣೀರಿಗೇ ಹಾಕಿ ಒಲೆಯ ಮೇಲಿಟ್ಟು, ಕುದಿ ಬಂದ ಮೇಲೆ ಉರಿ ತಗ್ಗಿಸಿ ಐದು ನಿಮಿಷ ಕುದಿಸಬೇಕು. ಇವು ಗಟ್ಟಿ ಪದಾರ್ಥಗಳು. ತಮ್ಮ ಸಾರವನ್ನು ನಿಧಾನವಾಗಿ ಬಿಟ್ಟುಕೊಡುವಂಥವು. ಹಾಲು ಸೇರಿದ ಮೇಲೆ ಹಾಕಿದರೆ ರುಚಿ ಮೇಲುಮೇಲಕ್ಕೆ ಉಳಿಯುತ್ತದೆ.

ಶುಂಠಿಯನ್ನು ಮೊದಲು ನೀರಿನಲ್ಲಿ ಕುದಿಸುವುದಕ್ಕೆ ಇನ್ನೊಂದು ಕಾರಣವೂ ಉಂಟು. ಹಸಿಶುಂಠಿಯಲ್ಲಿ ಹಾಲಿನ ಪ್ರೋಟೀನನ್ನು ಒಡೆಯುವ ಒಂದು ಕಿಣ್ವವಿದೆ. ಚೀನದ ದಕ್ಷಿಣ ಭಾಗದವರು ಬಿಸಿ ಹಾಲಿಗೆ ಶುಂಠಿಯ ರಸ ಬೆರೆಸಿ ಮೊಸರಿನಂತೆ ಗಟ್ಟಿಯಾಗಿಸಿ ತಿನ್ನುವುದು ಈ ಕಿಣ್ವದ ಬಲದಿಂದಲೇ. ಚೆನ್ನಾಗಿ ಕುದಿಸಿದರೆ ಅದರ ಶಕ್ತಿ ಅಳಿಯುತ್ತದೆ. 'ಅಲ್ಲ ಹಾಕಿದ್ರ ಹಾಲು ಒಡೀತದ' ಎಂದು ದೂರುವ ಮನೆಗಳಲ್ಲಿ ಆಗುವ ತಪ್ಪೆಂದರೆ, ಶುಂಠಿಯನ್ನು ಹಾಲಿನೊಡನೆ ಹಾಕುವುದು.

ಮಸಾಲೆಯ ನೀರು ಬಣ್ಣಗೂಡಿದ ಮೇಲೆ ಚಹಾಪುಡಿ ಹಾಕಿ ಎರಡು ನಿಮಿಷ ಮಾತ್ರ ಕುದಿಸಿರಿ. ಪರಿಮಳ ಮತ್ತು ಬಣ್ಣ ಮೊದಲ ಎರಡು-ಮೂರು ನಿಮಿಷಗಳಲ್ಲಿ ಬಂದುಬಿಡುತ್ತವೆ. ಮುಂದೆ ಬರುವುದು ಬಹುಪಾಲು ಒಗರು. ಆ ಒಗರಿಗೆ ಕಾರಣವಾದ ಟ್ಯಾನಿನ್ ಅಂಶವನ್ನು ಕುರಿತೇ ಮಹಾತ್ಮಾ ಗಾಂಧಿಯವರು 1942ರಲ್ಲಿ, ಪುಣೆಯ ಆಗಾಖಾನ್ ಅರಮನೆಯ ಬಂಧನದಲ್ಲಿದ್ದಾಗ, ಆರೋಗ್ಯವನ್ನು ಕುರಿತು ಬರೆದ ಕಿರುಹೊತ್ತಿಗೆಯಲ್ಲಿ ಎಚ್ಚರಿಸಿದ್ದರು. ಎಲೆಯನ್ನು ಕುದಿಸುವುದೇ ದೋಷವೆಂಬುದು ಅವರ ಅಭಿಪ್ರಾಯವಾಗಿತ್ತು. ನಮ್ಮ ಪದ್ಧತಿಯಲ್ಲಿ ಕುದಿಸದೆ ಗತಿಯಿಲ್ಲ. ಆದರೆ ಎಷ್ಟು ಹೊತ್ತು ಎಂಬುದು ನಮ್ಮ ಕೈಯಲ್ಲಿದೆ.

ಈಗ ಬೇರೆಯಾಗಿ ಬಿಸಿ ಮಾಡಿಟ್ಟ ಹಾಲನ್ನು ಸೇರಿಸಿರಿ. ತಣ್ಣನೆಯ ಹಾಲು ಸುರಿದರೆ ಮತ್ತೆ ಕುದಿ ಬರುವಷ್ಟರಲ್ಲಿ ಪುಡಿ ಹೆಚ್ಚು ಬೆಂದು ಒಗರಾಗುತ್ತದೆ. ಒಂದೆರಡು ಸಲ ಉಕ್ಕಿ ಬಂದ ಕೂಡಲೇ ಒಲೆ ಆರಿಸಿರಿ. ಆಗ ಜಜ್ಜಿದ ಯಾಲಕ್ಕಿ ಹಾಕಿ ಒಂದು ನಿಮಿಷ ಮುಚ್ಚಿಡಬೇಕು. ಯಾಲಕ್ಕಿಯ ಕಂಪು ಹಬೆಯೊಡನೆ ಹಾರಿ ಹೋಗುವಂಥದು. ಮೊದಲೇ ಹಾಕಿ ಕುದಿಸಿದರೆ ಅಡುಗೆಮನೆಗೆಲ್ಲ ಘಮಘಮ, ಕಪ್ಪಿನಲ್ಲಿ ಏನೂ ಇಲ್ಲ.

ಬೆಲ್ಲದ ಚಹಾ ಒಡೆಯದಿರಲು

ಬೆಲ್ಲದ ಚಹಾ ಒಡೆಯುವುದು ಹೊಸ ಸೊಸೆಯಂದಿರ ದೊಡ್ಡ ಅಂಜಿಕೆ. ಕೆಲವರು ಇದನ್ನು ಕೈಗುಣವೆನ್ನುತ್ತಾರೆ. ಕೈಗುಣವಲ್ಲ, ಬೆಲ್ಲದ ಗುಣ. ಬೆಲ್ಲದಲ್ಲಿ ತುಸು ಹುಳಿಯ ಅಂಶವೂ ಖನಿಜ ಲವಣಗಳೂ ಇರುತ್ತವೆ. ಹಳೆಯದಾದಷ್ಟೂ, ಮಳೆಗಾಲದಲ್ಲಿ ನೀರೊಡೆದಷ್ಟೂ ಹುಳಿ ಏರುತ್ತದೆ. ಹಾಲಿನ ಪ್ರೋಟೀನು ತಣ್ಣಗಿರುವಾಗ ಅಷ್ಟು ಹುಳಿಯನ್ನು ತಾಳಿಕೊಂಡೀತು. ಕುದಿಯುತ್ತಿರುವಾಗ ತಾಳಿಕೊಳ್ಳಲಾರದು, ಕೂಡಲೇ ಗರಣೆಗಟ್ಟುತ್ತದೆ.

ಆದುದರಿಂದ ಬೆಲ್ಲವನ್ನು ಎಂದಿಗೂ ಕುದಿಯುವ ಹಾಲಿಗೆ ಹಾಕಬಾರದು. ಪುಡಿ ಮಾಡಿದ ಬೆಲ್ಲವನ್ನು ಬೇರೊಂದು ಪಾತ್ರೆಯ ತಳಕ್ಕೆ ಹಾಕಿಟ್ಟು, ಕುದಿ ನಿಂತ ಚಹಾವನ್ನು ಅದರ ಮೇಲೆ ಸೋಸಿ, ನಿಧಾನವಾಗಿ ಕಲಕಿರಿ. ಮತ್ತೆ ಒಲೆಯ ಮೇಲಿಡುವ ಮಾತೇ ಬೇಡ. ಹೊಸದಾಗಿ ತಂದ ಬೆಲ್ಲದ ಬಗ್ಗೆ ಸಂಶಯವಿದ್ದರೆ, ಬಸಿಯಲ್ಲಿ ಎರಡು ಚಮಚೆ ಬಿಸಿ ಹಾಲಿಗೆ ಒಂದು ಚೂರು ಬೆಲ್ಲ ಹಾಕಿ ನೋಡಿರಿ. ಅಲ್ಲಿ ಒಡೆದರೆ ಆ ಬೆಲ್ಲವನ್ನು ಹೋಳಿಗೆಗೆ, ಸಾರಿಗೆ ಬಳಸಿ ಚಹಾಕ್ಕೆ ಬೇರೆಯದನ್ನು ತೆಗೆಯಿರಿ.

ತಿಂಗಳ ಮಸಾಲೆ, ಋತುವಿನ ಮಸಾಲೆ

ದಿನಾಲು ಕುಟ್ಟಲು ಬಿಡುವಿಲ್ಲದವರು ಪುಡಿ ಮಾಡಿಟ್ಟುಕೊಳ್ಳಬಹುದು. ಒಣಶುಂಠಿ 50 ಗ್ರಾಂ, ಕರಿಮೆಣಸು 20 ಗ್ರಾಂ, ಯಾಲಕ್ಕಿ 20 ಗ್ರಾಂ, ದಾಲ್ಚಿನ್ನಿ 15 ಗ್ರಾಂ, ಲವಂಗ 10 ಗ್ರಾಂ, ಜಾಯಿಕಾಯಿ ಅರ್ಧ. ಇವನ್ನು ಬಿಸಿಲಿಗೆ ಒಂದು ದಿನ ಹರವಿ, ಹುರಿಯದೆ, ನುಣ್ಣಗೆ ಕುಟ್ಟಿ ಸಾಣಿಸಿ ಗಾಜಿನ ಸೀಸೆಯಲ್ಲಿ ತುಂಬಿಡಿರಿ. ಹುರಿದರೆ ಸುವಾಸನೆಯ ಎಣ್ಣೆ ಅಲ್ಲಿಯೇ ಆವಿಯಾಗುತ್ತದೆ. ನಾಲ್ಕು ಕಪ್ಪಿಗೆ ಸಣ್ಣ ಚಮಚೆಯ ಕಾಲುಭಾಗ ಸಾಕು. ಒಲೆ ಆರಿಸುವ ಒಂದು ನಿಮಿಷ ಮೊದಲು ಹಾಕಬೇಕು. ಜಾಯಿಕಾಯಿಯನ್ನು ಹೇಳಿದ ಅಳತೆಗಿಂತ ಹೆಚ್ಚಿಸಬಾರದು. ಅತಿಯಾದರೆ ಅದು ವಿಷಕಾರಿ. ಎರಡು ತಿಂಗಳಿಗೆ ಸಾಕಾಗುವಷ್ಟನ್ನೇ ಮಾಡಿಕೊಳ್ಳುವುದು ಜಾಣತನ.

ಎಲ್ಲ ಕಾಲಕ್ಕೂ ಒಂದೇ ಮಸಾಲೆ ಸಲ್ಲದು. ಮಾರ್ಗಶಿರದ ಚಳಿಯಲ್ಲಿ, ಗೊಡಚಿಯ ವೀರಭದ್ರೇಶ್ವರ ಜಾತ್ರೆಯ ದಿನಗಳಲ್ಲಿ, ಮೆಣಸು-ಒಣಶುಂಠಿಗಳು ಮೈಗೆ ಹಿತ. ಮಲಪ್ರಭೆಯ ದಂಡೆಯ ಬೇಸಿಗೆಯ ಬಿಸಿಲಿಗೆ ಅವು ಸಲ್ಲವು. ಆಗ ಬಡೇಸೋಪು ಒಂದು ಚಮಚೆ, ಯಾಲಕ್ಕಿ ಎರಡು, ಇಷ್ಟೇ ಸಾಕು. ಮಳೆಗಾಲಕ್ಕೆ ಹಿತ್ತಲಿನ 'ಗೌತಿ ಚಹಾ'ದಂಥದು ಮತ್ತೊಂದಿಲ್ಲ. ಮಜ್ಜಿಗೆಹುಲ್ಲು ಎಂದೂ ಕರೆಯುವ ಈ ಹುಲ್ಲಿನ ಎರಡು ಎಸಳುಗಳನ್ನು ಗಂಟುಹಾಕಿ ಶುಂಠಿಯೊಡನೆ ಕುದಿಸಿದರೆ ನಿಂಬೆಯ ಕಂಪು ಬರುತ್ತದೆ, ಹುಳಿಯಿಲ್ಲದ ಕಾರಣ ಹಾಲು ಒಡೆಯುವುದಿಲ್ಲ. ಬಚ್ಚಲ ನೀರು ಹರಿಯುವಲ್ಲಿ ಒಂದು ಬುಡ ನೆಟ್ಟರೆ ವರ್ಷಾನುಗಟ್ಟಲೆ ಬರುತ್ತದೆ.

ಯಾವಾಗ, ಎಷ್ಟು?

ನಾವು ಮಠದಲ್ಲಿದ್ದು ಓದುತ್ತಿದ್ದ ದಿನಗಳಲ್ಲಿ ವಿದ್ಯಾರ್ಥಿಗಳಿಗೆ ಚಹಾ ಇರಲಿಲ್ಲ. ಬೆಳಗಿನ ಹೊತ್ತು ಜೋಳದ ಅಂಬಲಿ, ಇಲ್ಲವೆ ನುಚ್ಚು-ಮಜ್ಜಿಗೆ. ಚಹಾವನ್ನು ಹಿರಿಯರು ಚಟವೆಂದು ಎಣಿಸುತ್ತಿದ್ದರು. ಅಷ್ಟು ಕಟ್ಟುನಿಟ್ಟು ಸಂಸಾರಿಗಳಿಗೆ ಬೇಕಿಲ್ಲ. ಆದರೆ ಅಂಬಲಿ ಇದ್ದ ಜಾಗಕ್ಕೆ ಚಹಾ ಬಂದು ಕುಳಿತರೆ ಶರೀರಕ್ಕೆ ನಷ್ಟವೆಂಬ ಅವರ ತಿಳಿವಳಿಕೆಯಲ್ಲಿ ಹುರುಳಿದೆ.

ನಮ್ಮ ಹಳ್ಳಿಗಳ ಹೆಣ್ಣುಮಕ್ಕಳ ದಿನಚರಿ ನೋಡಿರಿ. ನಸುಕಿನಲ್ಲಿ ಎದ್ದು ಒಂದು ಚಹಾ. ದನ, ನೀರು, ಕಸ ಮುಗಿಸಿ ಇನ್ನೊಂದು ಚಹಾ. ಎಲ್ಲರಿಗೂ ರೊಟ್ಟಿ ಬಡಿದು, ಬುತ್ತಿ ಕಟ್ಟಿ, ತಮ್ಮ ಬಾಯಿಗೆ ತುತ್ತು ಬೀಳುವಾಗ ಹೊತ್ತು ನೆತ್ತಿಗೇರಿರುತ್ತದೆ. ರಾಮದುರ್ಗ, ಸುರೇಬಾನಗಳ ನೇಕಾರರ ಮನೆಗಳಲ್ಲಿಯೂ ಮಗ್ಗದ ಮುಂದೆ ಹಸಿವನ್ನು ಚಹಾದಿಂದಲೇ ತಡೆಯುವವರು ಇದ್ದಾರೆ. ಉಂಡ ಮೇಲಾದರೂ ಬಿಡುವುದುಂಟೇ? ಕೈ ತೊಳೆದ ಕೂಡಲೇ ಮತ್ತೊಂದು ಕಪ್ಪು.

ಇದರಿಂದಾಗುವ ಹಾನಿ ಕಣ್ಣಿಗೆ ಕಾಣದಂಥದು. ಜೋಳ, ಮೆಂತ್ಯೆ, ರಾಜಗಿರಿ, ಕಾಳುಕಡಿಗಳಲ್ಲಿರುವ ಕಬ್ಬಿಣದ ಅಂಶವನ್ನು ಚಹಾದ ಟ್ಯಾನಿನ್ ಹಿಡಿದಿಟ್ಟುಕೊಂಡು, ರಕ್ತಕ್ಕೆ ಸೇರಗೊಡದೆ ಹೊರಗೆ ಸಾಗಿಸುತ್ತದೆ. ಉಂಡದ್ದು ಸರಿಯಾಗಿಯೇ ಇರುತ್ತದೆ, ಮೈಗೆ ಹತ್ತುವುದಿಲ್ಲ. 2019-21ರಲ್ಲಿ ನಡೆದ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ 15ರಿಂದ 49 ವಯಸ್ಸಿನ ಹೆಣ್ಣುಮಕ್ಕಳಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಜನ ರಕ್ತಹೀನತೆಯವರು. ಇದಕ್ಕೆಲ್ಲ ಚಹಾವೇ ಕಾರಣವೆಂದು ನಾವು ಹೇಳುವುದಿಲ್ಲ. ಅರೆಹೊಟ್ಟೆ, ಪದೇ ಪದೇ ಹೆರಿಗೆ, ಜಂತುಹುಳು ಮೊದಲಾದ ಕಾರಣಗಳು ಅನೇಕ. ಆದರೆ ಖರ್ಚಿಲ್ಲದೆ, ನಾಳೆಯಿಂದಲೇ, ನಮ್ಮ ಕೈಯಿಂದ ಸರಿಪಡಿಸಬಹುದಾದ ಕಾರಣವಿದು.

ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯು 2024ರಲ್ಲಿ ಪ್ರಕಟಿಸಿದ ಆಹಾರ ಸೂತ್ರಗಳಲ್ಲಿ ಊಟಕ್ಕೆ ಕನಿಷ್ಠ ಒಂದು ತಾಸು ಮೊದಲು ಮತ್ತು ಒಂದು ತಾಸು ನಂತರ ಚಹಾ-ಕಾಫಿ ಕುಡಿಯಬಾರದೆಂದು ತಿಳಿಸಿದೆ. ನಮ್ಮ ದಿನಚರಿಗೆ ಇದನ್ನು ಹೊಂದಿಸುವುದು ಕಷ್ಟವಲ್ಲ. ನಸುಕಿನ ಆರಕ್ಕೆ ಚಹಾ ಆದರೆ ಏಳೂವರೆಗೆ ಎಲ್ಲರೂ, ಮುಖ್ಯವಾಗಿ ಮನೆಯಾಕೆ, ರೊಟ್ಟಿ ತಿನ್ನಲಿ. ಮಧ್ಯಾಹ್ನದ ಊಟದ ಮೇಲೆ ಚಹಾದ ಬದಲು ಮಜ್ಜಿಗೆ. ಸಂಜೆ ನಾಲ್ಕಕ್ಕೆ ಎರಡನೆಯ ಚಹಾ. ಊಟದಲ್ಲಿ ಪಲ್ಯದ ಮೇಲೆ ನಿಂಬೆಹಣ್ಣು ಹಿಂಡಿಕೊಂಡರೆ ಕಬ್ಬಿಣಾಂಶ ಹೆಚ್ಚು ಮೈಗೆ ಹತ್ತುತ್ತದೆ. ಬಸುರಿ-ಬಾಣಂತಿಯರಿಗೆ ಆಶಾ ಕಾರ್ಯಕರ್ತೆಯರು ತಂದುಕೊಡುವ ಕಬ್ಬಿಣದ ಗುಳಿಗೆಗಳನ್ನು ಚಹಾದೊಡನೆ ನುಂಗುವುದನ್ನು ಎಷ್ಟೋ ಮನೆಗಳಲ್ಲಿ ಕಾಣುತ್ತೇವೆ. ಅದು ಒಂದು ಕೈಯಿಂದ ಕೊಟ್ಟು ಇನ್ನೊಂದು ಕೈಯಿಂದ ಕಸಿದುಕೊಂಡಂತೆ. ಗುಳಿಗೆ ನೀರಿನೊಡನೆಯೇ ಇರಲಿ.

'ನಾವು ಬೆಲ್ಲದ ಚಹಾ ಕುಡೀತೇವ್ರಿ, ಬೆಲ್ಲದಾಗ ಕಬ್ಬಿಣ ಐತೆಲ್ಲ' ಎಂದು ವಾದಿಸುವವರುಂಟು. ಕಪ್ಪಿಗೆ ಬೀಳುವ 10 ಗ್ರಾಂ ಬೆಲ್ಲದಲ್ಲಿರುವ ಕಬ್ಬಿಣ ಅತ್ಯಲ್ಪ; ಅದನ್ನೂ ಅದೇ ಕಪ್ಪಿನ ಟ್ಯಾನಿನ್ ಹಿಡಿದುಕೊಳ್ಳುತ್ತದೆ. ಬೆಲ್ಲದ ಚಹಾವನ್ನು ರುಚಿಗಾಗಿ ಕುಡಿಯಬೇಕು, ಔಷಧಿಯೆಂದಲ್ಲ. ಸಿಹಿಯ ಲೆಕ್ಕದಲ್ಲಿ ಸಕ್ಕರೆ, ಬೆಲ್ಲ ಎರಡೂ ಒಂದೇ. ವಿಶ್ವ ಆರೋಗ್ಯ ಸಂಸ್ಥೆಯು 2015ರಲ್ಲಿ ಕೊಟ್ಟ ಸಲಹೆಯನ್ನು ಗ್ರಾಂಗಳಿಗೆ ಇಳಿಸಿದರೆ ಸಾಮಾನ್ಯ ವಯಸ್ಕರಿಗೆ ದಿನಕ್ಕೆ ಮೇಲಿನಿಂದ ಹಾಕಿಕೊಳ್ಳುವ ಸಿಹಿ 50 ಗ್ರಾಂ ಮೀರಬಾರದು, 25ರೊಳಗಿದ್ದರೆ ಇನ್ನೂ ಲೇಸು. ಎರಡೆರಡು ಚಮಚೆ ಹಾಕಿದ ಐದು ಚಹಾ ಕುಡಿದರೆ ಆ ಮೇರೆ ಚಹಾದಲ್ಲಿಯೇ ಮುಗಿದುಹೋಯಿತು. ಮಧುಮೇಹಿಗಳಿಗೆ ಬೆಲ್ಲದ ರಿಯಾಯಿತಿಯೂ ಇಲ್ಲ.

ಸಣ್ಣ ಮಕ್ಕಳಿಗೆ ಚಹಾ ಬೇಡ. ಅವರು ಹಟ ಮಾಡಿದರೆ ಕಷಾಯ ಕೊಡಿರಿ. ನಾಲ್ಕು ಪಾಲು ಕೊತ್ತಂಬರಿಬೀಜ, ಎರಡು ಪಾಲು ಜೀರಿಗೆ, ಒಂದು ಪಾಲು ಬಡೇಸೋಪು, ಕಾಲು ಪಾಲು ಒಣಶುಂಠಿ ಬೆಚ್ಚಗೆ ಮಾಡಿ ಪುಡಿ ಮಾಡಿರಿ. ಒಂದು ಚಮಚೆಯನ್ನು ನೀರಿನಲ್ಲಿ ಕುದಿಸಿ, ಹಾಲು ಸೇರಿಸಿ, ಕೆಳಗಿಳಿಸಿ ಬೆಲ್ಲ ಹಾಕಿದರೆ ಅಜ್ಜನಿಗೂ ಮೊಮ್ಮಗನಿಗೂ ರಾತ್ರಿ ಹೊತ್ತಿನಲ್ಲಿ ನಿದ್ರೆಗೆಡಿಸದ ಪಾನೀಯವಾಗುತ್ತದೆ.

ಇನ್ನು ಬಸಿಯ ವಿಚಾರ. ಚಹಾವನ್ನು ಬಸಿಗೆ ಸುರಿದು ಊದಿ ಕುಡಿಯುವ ಹಿರಿಯರನ್ನು ನೋಡಿ ಓದಿದ ಮಕ್ಕಳು ನಗುವುದುಂಟು. ನಗಬೇಕಾಗಿಲ್ಲ. 65 ಡಿಗ್ರಿಗಿಂತ ಬಿಸಿಯಾದ ಪಾನೀಯಗಳು ಅನ್ನನಾಳದ ಕ್ಯಾನ್ಸರಿಗೆ ಕಾರಣವಾಗುವ ಸಂಭವವಿದೆಯೆಂದು ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ 2016ರಲ್ಲಿ ಹೇಳಿತು. ಬಸಿಯಲ್ಲಿ ಆರಿಸಿ ಕುಡಿಯುವ ಅಜ್ಜನೇ ಇಲ್ಲಿ ಜಾಣ.

ಒಂದೇ ಬೋಗುಣಿ, ಒಂದೇ ಕಪ್ಪು

ಕೊನೆಯದಾಗಿ ಕೊಡುವ ಹದ. ಇದು ಮೊದಲಿನ ಎರಡಕ್ಕಿಂತ ಕಠಿಣ.

ಮನೆಯಲ್ಲಿ ಚಹಾ ಮಾಡಿದವಳು ಅದನ್ನು ಯಾವಾಗ ಕುಡಿಯುತ್ತಾಳೆ? ಬಂದವರಿಗೆ, ಮಾವನಿಗೆ, ಗಂಡನಿಗೆ, ಮೈದುನರಿಗೆ ಕೊಟ್ಟು, ಬೋಗುಣಿಯ ತಳದಲ್ಲಿ ಉಳಿದ, ಕಪ್ಪಾಗಿ ಕುದಿದ ಅರ್ಧ ಕಪ್ಪು ಅವಳ ಪಾಲು. ಮನೆಯಲ್ಲಿ ಎಲ್ಲರಿಗಿಂತ ಒಗರಾದ ಚಹಾ ಕುಡಿಯುವವಳು, ಎಲ್ಲರಿಗಿಂತ ತಡವಾಗಿ ಉಣ್ಣುವವಳು, ರಕ್ತ ಕಡಿಮೆಯಾದವಳು ಬಹಳ ಸಲ ಒಬ್ಬಳೇ ಆಗಿರುತ್ತಾಳೆ. ಐದು ಜನರಿದ್ದರೆ ಐದು ಕಪ್ಪು ಒಮ್ಮೆಲೆ ಸೋಸಬೇಕು. ಐದನೆಯದು ಮಾಡಿದವಳ ಕೈಯಲ್ಲಿರಬೇಕು. ಅತ್ತೆಯಂದಿರು 'ನೀನೂ ಕುಂತು ಕುಡಿಯವ್ವಾ' ಎಂದು ಒಂದು ಮಾತು ಹೇಳಿದರೆ ಸಾಕು, ಮನೆಯ ರೂಢಿ ಬದಲಾಗುತ್ತದೆ.

ಹಿತ್ತಲ ಬಾಗಿಲಿನ ಮಾತು ಇನ್ನೊಂದು. ಹೊಲದ ಆಳುಗಳಿಗೆ, ದನ ಕಾಯುವವರಿಗೆ, ಕಸ ಗುಡಿಸುವವರಿಗೆಂದು ಒಂದು ಬೇರೆ ಲೋಟವನ್ನು ಸೂರಿನ ಸಂದಿಯಲ್ಲಿಯೋ ಗೋಡೆಯ ಗೂಡಿನಲ್ಲಿಯೋ ಇಡುವ ಪದ್ಧತಿ ಅಲ್ಲಲ್ಲಿ ಇನ್ನೂ ಉಳಿದಿದೆ. ಅವರೇ ತೊಳೆದು, ಅವರೇ ಇಟ್ಟು ಹೋಗಬೇಕು. ಅಸ್ಪೃಶ್ಯತೆಯನ್ನು ನಮ್ಮ ಸಂವಿಧಾನವು 17ನೆಯ ವಿಧಿಯಿಂದ ತೊಡೆದುಹಾಕಿದೆ. 1955ರ ಕಾಯಿದೆಯ ಪ್ರಕಾರ ಅದರ ಆಚರಣೆ ಶಿಕ್ಷಾರ್ಹ ಅಪರಾಧ. ಕಾನೂನಿನ ಮಾತು ಅತ್ತ ಇರಲಿ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಕಾಯಕ-ದಾಸೋಹಗಳ ಹಾದಿ ತೋರಿದ ಶರಣರ ಹೆಸರು ಹೇಳುವ ಮನೆಯಲ್ಲಿ ಕಾಯಕ ಮಾಡಿ ಬಂದವನಿಗೆ ಬೇರೆ ಲೋಟವೆಂದರೆ, ಆ ಮನೆಯ ದಾಸೋಹಕ್ಕೆ ಏನು ಅರ್ಥ ಉಳಿಯಿತು? ಒಳಗಿನವರಿಗೆ ಯಾಲಕ್ಕಿಯ ಚಹಾ, ಹೊರಗಿನವರಿಗೆ ಅದೇ ಚರಟವನ್ನು ಮತ್ತೆ ಕುದಿಸಿದ ನೀರು ಎಂಬ ಭೇದವೂ ಹೋಗಬೇಕು. ಆಳುಗಳಿಗೂ ಹಿಡಿದು ಮಾಡಲು ಬೋಗುಣಿ ದೊಡ್ಡದಾದರೆ ಆಯಿತು. ನಾಲ್ಕು ಕಪ್ಪಿನ ಲೆಕ್ಕವನ್ನೇ ಹತ್ತಕ್ಕೆ ಏರಿಸಿಕೊಳ್ಳಿರಿ. ಹತ್ತು ಕಪ್ಪಿಗೆ ಶುಂಠಿ ಎರಡು ಬೆರಳು, ಯಾಲಕ್ಕಿ ಏಳೆಂಟು ಬೇಕಾದೀತು. ಅದರಿಂದ ಯಾವ ಮನೆಯೂ ಬಡವಾಗಿಲ್ಲ.

ನಾಳೆ ಬೆಳಿಗ್ಗೆ ಒಲೆ ಹೊತ್ತಿಸುವ ಮೊದಲು ಮನೆಯಲ್ಲಿ, ಅಂಗಳದಲ್ಲಿ, ಹಿತ್ತಲಲ್ಲಿ ಎಷ್ಟು ಜನರಿದ್ದಾರೆಂದು ಎಣಿಸಿರಿ. ಎಣಿಸುವಾಗ ಎಣಿಸುವವಳನ್ನೂ ಸೇರಿಸಿಕೊಳ್ಳಿರಿ. ಅಷ್ಟು ಕಪ್ಪಿಗೆ ತಕ್ಕ ನೀರು ಅಳೆದು ಬೋಗುಣಿಗೆ ಹಾಕಿದರೆ ಚಹಾದ ಅರ್ಧ ಹದ ಅಲ್ಲಿಯೇ ಕೂಡಿಬರುತ್ತದೆ. ಉಳಿದರ್ಧವನ್ನು ಶುಂಠಿ, ಯಾಲಕ್ಕಿ, ಬೆಲ್ಲಗಳು ನೋಡಿಕೊಳ್ಳುತ್ತವೆ.